ಬೆಂಕಿಕಡ್ಡಿಯ ಮೇಷ್ಟ್ರು

ಒಂದೆರಡು ನಿಮಿಷದ ವಿಡಿಯೊ. ಪರದೆಯ ಮೇಲೆ ಎರಡು ಕೈ, ಒಂದು ಕತ್ತರಿ, ಮನೆಯ ಮೂಲೆಯಲ್ಲಿ ಬಿದ್ದಿದ್ದ ಯಾವುದೋ ಹಳೇ ವಸ್ತು. ನೋಡಿ ಮುಗಿಸಿದ ಮಗು ಫೋನ್ ಕೆಳಗಿಟ್ಟು ಎದ್ದು ಓಡುತ್ತದೆ. ಲಾರಿ ಕಾರ್ಖಾನೆ ಬಿಟ್ಟು ಆಟಿಕೆ ಮಾಡಲು ಕೂತ ಅರವಿಂದ ಗುಪ್ತ ಅವರ ಕೈಗಳ ಕಥೆ ಇದು.

ಬೆಳಗಿನ ಹನ್ನೊಂದು ಗಂಟೆ. ಚನ್ನರಾಯಪಟ್ಟಣದ ಬಳಿಯ ನಮ್ಮ ತವರುಮನೆಯ ಜಗುಲಿಯಲ್ಲಿ ಅಣ್ಣನ ಮಕ್ಕಳಿಬ್ಬರು ಬೋರಲು ಮಲಗಿದ್ದರು. ನಡುವೆ ಒಂದೇ ಫೋನು. ರಜೆ ಶುರುವಾಗಿ ವಾರವಾಗಿತ್ತು. ಆ ಫೋನಿಗಾಗಿ ಹತ್ತು ಜಗಳವೂ ಆಗಿತ್ತು.

ಅವತ್ತು ಜಗಳವಿರಲಿಲ್ಲ. ಪರದೆಯ ಮೇಲೆ ಯಾರದೋ ಕೈಗಳು ಒಂದು ಸ್ಟ್ರಾ ಹಿಡಿದಿದ್ದವು. ಅದರ ತುದಿಯನ್ನು ಹಲ್ಲಿನಲ್ಲಿ ಒತ್ತಿ ಚಪ್ಪಟೆ ಮಾಡಿ, ಎರಡೂ ಅಂಚು ಕತ್ತರಿಸಿ ಚೂಪು ಮಾಡಿ ಊದಿದರೆ ಪೀಪಿಯ ಸದ್ದು. ಊದುತ್ತಲೇ ಇನ್ನೊಂದು ತುದಿಯನ್ನು ಕತ್ತರಿಯಿಂದ ತುಂಡು ತುಂಡಾಗಿ ಕತ್ತರಿಸುತ್ತ ಹೋದರೆ ಸ್ವರ ಮೇಲೇರುತ್ತದೆ. ವಿಡಿಯೊ ಮುಗಿಯಿತು. ಇಬ್ಬರೂ ಎದ್ದರು.

ಎಳನೀರು ಅಂಗಡಿಯಿಂದ ತಂದ ಕಾಗದದ ಸ್ಟ್ರಾ ನಾಲ್ಕು ಊದಿಗೆ ಒದ್ದೆಯಾಗಿ ಮೆತ್ತಗಾಯಿತು. "ಅತ್ತೆ, ಇದು ಊದೋಕೇ ಬರ್ತಿಲ್ಲ" ಎಂದು ಸಣ್ಣವನು ಮುಖ ಸಣ್ಣದು ಮಾಡಿಕೊಂಡ. ಒಳಗೆ ಸೊಪ್ಪು ಬಿಡಿಸುತ್ತಿದ್ದ ಅಮ್ಮ ಅದನ್ನು ಕೇಳಿಸಿಕೊಂಡು ಹಿತ್ತಿಲಿಗೆ ಹೋದಳು. ಬರುವಾಗ ಕೈಯಲ್ಲಿ ಪರಂಗಿ ಎಲೆಯ ಎರಡು ದಂಟು. ಹಾಲು ತೊಳೆದು, ಎಲೆ ಚಿವುಟಿ, ಮುಚ್ಚಿದ ತುದಿಯ ಹತ್ತಿರ ಈಳಿಗೆಯಿಂದ ಉದ್ದಕ್ಕೊಂದು ಸೀಳು ಕೊಟ್ಟಳು. "ತಗಳಿ, ಇದ್ನ ಊದಿ."

ಬೀದಿಯ ನಾಯಿಗಳೆಲ್ಲ ಬೊಗಳತೊಡಗಿದವು.

ಅಮ್ಮ ಆ ವಿಡಿಯೊ ನೋಡಿರಲಿಲ್ಲ. ಅದರಲ್ಲಿದ್ದ ಕೈ ಯಾರದೆಂದೂ ಅವಳಿಗೆ ಗೊತ್ತಿಲ್ಲ. ಆದರೆ ಎಪ್ಪತ್ತು ದಾಟಿದ ಅವಳ ಕೈಗೂ ಪರದೆಯ ಮೇಲಿನ ಆ ಕೈಗೂ ಎಷ್ಟೋ ಕಾಲದ ಪರಿಚಯವಿದ್ದಂತೆ ನನಗೆ ಕಂಡಿತು.

ಸಂತೆಯಲ್ಲಿ ಸಿಕ್ಕ ಪಾಠ

ಅರವಿಂದ ಗುಪ್ತ ಹುಟ್ಟಿದ್ದು 1953ರಲ್ಲಿ, ಉತ್ತರ ಪ್ರದೇಶದ ಬರೇಲಿಯಲ್ಲಿ. ತಂದೆ ತಾಯಿ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಮಗ ಕಾನ್ಪುರದ ಐಐಟಿಯಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಓದಿ 1975ರಲ್ಲಿ ಹೊರಬಂದರು. ಪುಣೆಯ ಟೆಲ್ಕೊ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿತು. ಲಾರಿ ತಯಾರಿಸುವ ಕೆಲಸ, ಒಳ್ಳೆಯ ಸಂಬಳ. ಆ ಕಾಲದ ಯಾವ ಮನೆಯಲ್ಲಾದರೂ ಹೆಮ್ಮೆಯಿಂದ ಹೇಳಿಕೊಳ್ಳಬಹುದಾದ ಬದುಕು.

1978ರಲ್ಲಿ ಅವರು ಒಂದು ವರ್ಷ ರಜೆ ಹಾಕಿ ಮಧ್ಯಪ್ರದೇಶದ ಹೋಶಂಗಾಬಾದಿಗೆ ಹೋದರು. ಆ ಜಿಲ್ಲೆಗೆ ಈಗ ನರ್ಮದಾಪುರಂ ಎಂದು ಹೆಸರು. ಅಲ್ಲಿ 1972ರಲ್ಲೇ 16 ಮಾಧ್ಯಮಿಕ ಶಾಲೆಗಳಲ್ಲಿ ಒಂದು ಪ್ರಯೋಗ ಆರಂಭವಾಗಿತ್ತು. ವಿಜ್ಞಾನವನ್ನು ಬಾಯಿಪಾಠ ಮಾಡಿಸದೆ, ಹಳ್ಳಿಯ ಮಕ್ಕಳು ತಾವೇ ಮಾಡಿ ನೋಡಿ ಕಲಿಯುವ ಪದ್ಧತಿ ಅದು. ಬಡ ಶಾಲೆಗಳಲ್ಲಿ ಪ್ರಯೋಗಾಲಯ ಎಲ್ಲಿಂದ ಬರಬೇಕು? ಊರಿನಲ್ಲಿ ಏನು ಸಿಗುತ್ತದೋ ಅದೇ ಪ್ರಯೋಗಾಲಯ.

ಊರಿನಲ್ಲಿ ಸಂತೆ ಇತ್ತು. ಬಳೆ, ಗುಂಡಿ, ಪಿನ್ನು, ದಾರ, ಸೈಕಲ್ಲಿನ ಬಿಡಿಭಾಗ, ಎಲ್ಲವೂ ನೆಲದ ಮೇಲೆ ಹರಡಿಕೊಂಡಿರುವ ವಾರದ ಸಂತೆ. ನಮ್ಮ ಕಡೆಯ ಸಂತೆಗಳಲ್ಲೂ ಇದ್ದದ್ದು ಅದೇ ಸಾಮಾನು. ಆ ಸಂತೆಯಲ್ಲಿ ಗುಪ್ತ ಅವರ ಕಣ್ಣಿಗೆ ಬಿದ್ದದ್ದು ಸೈಕಲ್ಲಿನ ವಾಲ್ ಟ್ಯೂಬ್. ನಲವತ್ತು ದಾಟಿದವರಿಗೆ ಇದು ಚೆನ್ನಾಗಿ ನೆನಪಿರಬೇಕು. ಚಕ್ರಕ್ಕೆ ಹೊಡೆದ ಗಾಳಿ ಹಿಂದಕ್ಕೆ ಬರದಂತೆ ತಡೆಯುತ್ತಿದ್ದ, ಹುಲ್ಲುಕಡ್ಡಿಯಷ್ಟು ಸಪೂರ ರಬ್ಬರು ಕೊಳವೆ.

ಅದರ ಒಂದು ತುಂಡು ಕತ್ತರಿಸಿ ಎರಡು ತುದಿಗೂ ಒಂದೊಂದು ಬೆಂಕಿಕಡ್ಡಿ ತೂರಿಸಿದರೆ ಅದೊಂದು ಕೀಲು. ಮೊಣಕೈಯಂತೆ ಮಡಚುತ್ತದೆ, ಬಿಡಿಸಿಕೊಳ್ಳುತ್ತದೆ. ಮೂರು ಕಡ್ಡಿ, ಮೂರು ಕೀಲು ಸೇರಿದರೆ ತ್ರಿಕೋನ. ಹೇಗೆ ಹಿಚುಕಿದರೂ ಅದರ ಆಕಾರ ಕೆಡದು. ನಾಲ್ಕು ಕಡ್ಡಿಯ ಚೌಕ ಮಾಡಿ ಒತ್ತಿ ನೋಡಿ. ಓರೆಯಾಗಿ ವಾಲಿಬಿಡುತ್ತದೆ. ಚೌಕಕ್ಕೆ ಮೂಲೆಯಿಂದ ಮೂಲೆಗೆ ಒಂದು ಕಡ್ಡಿ ಕೊಟ್ಟರೆ ಮತ್ತೆ ಗಟ್ಟಿ, ಏಕೆಂದರೆ ಈಗ ಅದರೊಳಗೆ ಎರಡು ತ್ರಿಕೋನಗಳಿವೆ.

ಮನೆಯ ಸೂರಿನ ತೊಲೆಗಳು ಏಕೆ ತ್ರಿಕೋನವಾಗಿರುತ್ತವೆ, ರೈಲು ಸೇತುವೆಯ ಪಕ್ಕದಲ್ಲಿ ಓರೆ ಕಂಬಿಗಳು ಏಕಿರುತ್ತವೆ, ಕರೆಂಟಿನ ಗೋಪುರ ಗಾಳಿಗೆ ಏಕೆ ಬೀಳುವುದಿಲ್ಲ ಎಂಬುದನ್ನು ಇದಕ್ಕಿಂತ ಸರಳವಾಗಿ ಹೇಳಿಕೊಡಲು ಸಾಧ್ಯವೇ? ಮಗುವಿನ ಬೆರಳಿಗೆ ಗೊತ್ತಾದದ್ದು ಮರೆತುಹೋಗುವುದಿಲ್ಲ. ಕೊಳವೆಯ ನಡುವೆ ಮುಳ್ಳಿನಿಂದ ತೂತು ಮಾಡಿ ಇನ್ನೊಂದು ಕಡ್ಡಿ ತೂರಿಸಿದರೆ ಮೂರು ಕಡ್ಡಿಯ ಕೀಲು ಸಿದ್ಧ. ಅಲ್ಲಿಂದ ಆಕಾರ ನೆಲ ಬಿಟ್ಟು ಮೇಲೇಳುತ್ತದೆ. ಆರು ಕಡ್ಡಿಗೆ ನಾಲ್ಕು ಮುಖದ ಗೋಪುರ, ಹನ್ನೆರಡಕ್ಕೆ ಘನ, ಆಮೇಲೆ ಮನೆ, ಮಂಚ, ಗುಮ್ಮಟ.

ಬೆಂಕಿಕಡ್ಡಿಯ ಈ ಆಟಗಳು ಮುಂದೆ ಅವರ ಮೊದಲ ಪುಸ್ತಕವಾದವು. ಅದು ದೇಶದ 12 ಭಾಷೆಗಳಿಗೆ ಹೋಯಿತು. ಆ ರಜೆಯ ವರ್ಷದ ಇನ್ನೊಂದು ಭಾಗವನ್ನು ಅವರು ಕಳೆದದ್ದು ಕೇರಳದಲ್ಲಿ, ವಾಸ್ತುಶಿಲ್ಪಿ ಲಾರಿ ಬೇಕರ್ ಅವರ ಬಳಿ. ಇಟ್ಟಿಗೆಯ ನಡುವೆ ಕಿಂಡಿ ಬಿಟ್ಟು, ಗಿಲಾವು ಬೇಡವೆಂದು, ಬಡವನ ಕೈಗೆಟುಕುವ ಹಾಗೆ ಚೆಂದದ ಮನೆ ಕಟ್ಟುತ್ತಿದ್ದವರು ಬೇಕರ್. ಬೇಡವಾದದ್ದನ್ನು ಬಿಡುವುದೇ ವಿನ್ಯಾಸ ಎಂಬ ಪಾಠ ಗುಪ್ತ ಅವರಿಗೆ ಅಲ್ಲಿಯೂ ಸಿಕ್ಕಿರಬೇಕೆಂದು ನನಗನಿಸುತ್ತದೆ. ಅವರ ಆಟಿಕೆಗಳನ್ನು ನೋಡಿದರೆ ಬೇಕರ್ ಗೋಡೆಗಳೇ ನೆನಪಾಗುತ್ತವೆ. ಮುಂದೆ ಅವರು ಲಾರಿ ಕಾರ್ಖಾನೆಯ ಕೆಲಸವನ್ನೇ ಬಿಟ್ಟರು.

ಹೋಶಂಗಾಬಾದಿನ ಆ ಕಾರ್ಯಕ್ರಮ ಮೂವತ್ತು ವರ್ಷ ನಡೆಯಿತು. 2002ರಲ್ಲಿ ಅಲ್ಲಿನ ಸರ್ಕಾರ ಅದನ್ನು ನಿಲ್ಲಿಸಿತು. ಹಳ್ಳಿ ಶಾಲೆಗಳಲ್ಲಿ ಅಷ್ಟು ದಿನ ಬೇರು ಬಿಟ್ಟಿದ್ದ ಕೆಲಸ ಹಾಗೆ ನಿಂತುಹೋದದ್ದು ದೊಡ್ಡ ನಷ್ಟ.

┃ ಚೌಕಟ್ಟು: ಲಾರಿಯಿಂದ ಆಟಿಕೆಗೆ ┃
1953: ಬರೇಲಿಯಲ್ಲಿ ಜನನ.
1975: ಕಾನ್ಪುರ ಐಐಟಿಯಿಂದ ಪದವಿ, ಪುಣೆಯಲ್ಲಿ ಕೆಲಸ.
1978: ಹೋಶಂಗಾಬಾದಿನಲ್ಲಿ ಬೆಂಕಿಕಡ್ಡಿ, ವಾಲ್ ಟ್ಯೂಬಿನ ಆಟ.
2003ರಿಂದ 2014: ಪುಣೆಯ ಅಯೂಕಾ ಸಂಸ್ಥೆಯ ಮಕ್ಕಳ ವಿಜ್ಞಾನ ಕೇಂದ್ರದಲ್ಲಿ.
2018: ಪದ್ಮಶ್ರೀ.

ಕೈ ಮಾತ್ರ ಕಾಣುವ ಚಿತ್ರ

ಖಗೋಳ ವಿಜ್ಞಾನಿ ಜಯಂತ ನಾರಳೀಕರ್ ಕಟ್ಟಿದ ಅಯೂಕಾ ಇರುವುದು ಪುಣೆ ವಿಶ್ವವಿದ್ಯಾಲಯದ ಆವರಣದಲ್ಲಿ. ನಕ್ಷತ್ರಗಳನ್ನು ಅಧ್ಯಯನ ಮಾಡುವ ಆ ಸಂಸ್ಥೆಯಲ್ಲೇ ಮಕ್ಕಳಿಗಾಗಿ ಒಂದು ಕೇಂದ್ರ ಎದ್ದಿತು. ಹೆಸರು ಮುಕ್ತಾಂಗಣ. ಮರಾಠಿ ಸಾಹಿತಿ ಪು.ಲ. ದೇಶಪಾಂಡೆ ಅವರ ಹೆಸರಿನ ಪ್ರತಿಷ್ಠಾನ ಅದಕ್ಕೆ ಹಣ ಕೊಟ್ಟಿತು. 2003ರಿಂದ ಗುಪ್ತ ಅಲ್ಲಿ ಕೂತು ಆಟಿಕೆ ಮಾಡಿದರು. ಶಾಲೆಗಳಿಂದ ತಂಡ ತಂಡವಾಗಿ ಬರುವ ಮಕ್ಕಳಿಗೆ ಅದನ್ನು ಕಲಿಸಿದರು. ಜೊತೆಗಾರರೊಂದಿಗೆ ಸೇರಿ ಅವನ್ನೆಲ್ಲ ಚಿತ್ರೀಕರಿಸಿ ಅಂತರ್ಜಾಲಕ್ಕೆ ಹಾಕಿದರು.

ಅದಕ್ಕೂ ಮೊದಲೇ ದೂರದರ್ಶನದಲ್ಲಿ ಅವರ ನೂರಕ್ಕೂ ಹೆಚ್ಚು ಕಾರ್ಯಕ್ರಮಗಳು ಬಂದಿದ್ದವು. ಅಂತರ್ಜಾಲಕ್ಕೆ ಬಂದಮೇಲೆ ಆ ಕೈಗಳು ಊರೂರಿಗೆ ಹೋದವು. ಚಿತ್ರಗಳಿಗೆ ಹತ್ತಾರು ಭಾಷೆಗಳ ದನಿ ಸೇರಿತು. ಅದರಲ್ಲಿ ಕನ್ನಡವೂ ಇದೆ. ಪುಸ್ತಕಗಳನ್ನೂ ಚಿತ್ರಗಳನ್ನೂ ಯಾರು ಬೇಕಾದರೂ ಬಿಟ್ಟಿಯಾಗಿ ಇಳಿಸಿಕೊಳ್ಳಬಹುದು, ಹಂಚಬಹುದು.

ಆ ಚಿತ್ರಗಳನ್ನು ಒಂದರ ಮೇಲೊಂದು ನೋಡಿದಾಗ ನನಗೆ ಹೊಳೆದದ್ದು ಅವುಗಳ ಕಟ್ಟು. ಹೆಚ್ಚಿನವು ಒಂದೆರಡು ನಿಮಿಷದವು. ಮುಖ ಕಾಣುವುದು ಕಡಿಮೆ, ಕಾಣುವುದು ಮೇಜಿನ ಮೇಲಿನ ಕೈಗಳು. ಅಂಚು ಎಲ್ಲಿ ಮಡಚಬೇಕು, ಕತ್ತರಿ ಎಷ್ಟು ಆಳ ಹೋಗಬೇಕು, ತೂತು ಎಲ್ಲಿ ಬೀಳಬೇಕು, ಅಷ್ಟೇ. ಕೊನೆಯಲ್ಲಿ ಆಟಿಕೆ ಕಪಾಟಿನಲ್ಲಿ ಕೂರುವುದಿಲ್ಲ. ತಿರುಗುತ್ತದೆ, ಹಾರುತ್ತದೆ, ಕೂಗುತ್ತದೆ.

ಇದಕ್ಕೆ ಪೂರ್ತಿ ವಿರುದ್ಧವಾದ ವಿಡಿಯೊಗಳು ಇವತ್ತು ಫೋನಿನ ತುಂಬ ಇವೆ. ಬಣ್ಣದ ಮೇಣ ಸುರಿಯುವುದು, ಬಿಸಿ ಅಂಟು ಹರಿಯುವುದು, ಕಣ್ಣು ಮಿಟುಕಿಸುವಷ್ಟರಲ್ಲಿ ಕೋಟೆ ಎದ್ದು ನಿಲ್ಲುವುದು. ಒಂದು ಮುಗಿಯುವ ಮೊದಲೇ ಇನ್ನೊಂದು ಬಂದು ನಿಲ್ಲುತ್ತದೆ. ಮಗು ನೋಡುತ್ತಲೇ ಇರುತ್ತದೆ, ಕೈ ಮಾತ್ರ ಅಲುಗುವುದಿಲ್ಲ. ಮಾಡಲು ಹೊರಟರೆ ಆ ಅಂಟು, ಆ ಬಣ್ಣ, ಆ ಯಂತ್ರ ಮನೆಯಲ್ಲಿರುವುದಿಲ್ಲ. ಗುಪ್ತ ಅವರ ಚಿತ್ರಗಳನ್ನು ಮಗು ಒಂದು ನೋಡಿ ಎದ್ದುಹೋಗುತ್ತದೆ. ನಾನು ಅವನ್ನು ಮೆಚ್ಚುವುದು ಅದಕ್ಕೇ. ಅವು ಮಗುವನ್ನು ತಮ್ಮಿಂದ ಬಿಡುಗಡೆ ಮಾಡಿ ಹಿತ್ತಿಲಿಗೆ ಕಳಿಸುತ್ತವೆ.

ಜಾತ್ರೆಯ ವಿನ್ಯಾಸಕಾರರು

ಸರಳ ವಸ್ತುವಿನೊಳಗಿನ ಇಂಥ ಜಾಣತನವನ್ನು ಮೊದಲೇ ಗುರುತಿಸಿದವರಿದ್ದರು. 1958ರಲ್ಲಿ ಅಮೆರಿಕದ ವಿನ್ಯಾಸಕಾರ ದಂಪತಿ ಚಾರ್ಲ್ಸ್ ಮತ್ತು ರೇ ಈಮ್ಸ್ ಭಾರತ ಸರ್ಕಾರಕ್ಕೆ ಒಂದು ವರದಿ ಕೊಟ್ಟರು. ಈ ದೇಶದಲ್ಲಿ ತಾವು ಕಂಡ ವಸ್ತುಗಳಲ್ಲಿ ಅವರು ಮೊದಲಿಗೆ ಕೊಂಡಾಡಿದ್ದು ಚೊಂಬನ್ನು. ಸೊಂಟದ ಮೇಲೆ, ತಲೆಯ ಮೇಲೆ, ಕೈಯಲ್ಲಿ ಹೇಗೆ ಕೂರಬೇಕು, ನೀರು ಸುರಿಯುವಾಗ ಹೇಗೆ ಬಾಗಬೇಕು ಎಂಬುದನ್ನೆಲ್ಲ ತಲೆಮಾರುಗಳು ತಿದ್ದಿ ತಿದ್ದಿ ಕೊಟ್ಟ ರೂಪ ಅದು. ಆ ವರದಿಯ ಫಲವಾಗಿ 1961ರಲ್ಲಿ ಅಹಮದಾಬಾದಿನಲ್ಲಿ ರಾಷ್ಟ್ರೀಯ ವಿನ್ಯಾಸ ಸಂಸ್ಥೆ ಹುಟ್ಟಿತು.

ಆ ಸಂಸ್ಥೆಯಲ್ಲಿ ಕಲಿಸಿದ ಸುದರ್ಶನ ಖನ್ನಾ ಚೊಂಬಿನ ನೋಟವನ್ನೇ ಆಟಿಕೆಗೆ ತಿರುಗಿಸಿದರು. ಜಾತ್ರೆ ಜಾತ್ರೆ ತಿರುಗಿ, ಕೋಲಿಗೆ ಗಿರಗಿಟ್ಲೆ ಸಿಕ್ಕಿಸಿಕೊಂಡು ಮಾರುವವರನ್ನು ಕಂಡು, ಅವರು ಕೈಯಾರೆ ಮಾಡುವ ಆಟಿಕೆಗಳನ್ನು ಅಳೆದು, ಬರೆದು, ಪುಸ್ತಕ ಮಾಡಿದರು. ಎಳೆದರೆ ಟಕಟಕ ಬಡಿದುಕೊಳ್ಳುವ ಮಣ್ಣಿನ ಚಕ್ರದ ಗಾಡಿ, ಕಾಗದದ ಹಾವು, ಕಡ್ಡಿ ತಿರುಗಿಸಿದರೆ ಕರ್ ಎನ್ನುವ ಗಿಲಕಿ. ಇವುಗಳಲ್ಲಿ ಒಂದೂ ಅನಗತ್ಯ ಭಾಗವಿಲ್ಲ. ಒಂದು ಕಡ್ಡಿ ತೆಗೆದರೆ ಆಟವೇ ನಿಲ್ಲುತ್ತದೆ. ಹಳ್ಳಿಯ ಆಟಿಕೆಗಾರನೂ ವಿನ್ಯಾಸಕಾರನೇ ಎಂದು ಆ ಕೆಲಸ ತೋರಿಸಿಕೊಟ್ಟಿತು.

ಚನ್ನಪಟ್ಟಣದ ಬೊಂಬೆಯ ಸೊಗಸು ಬೇರೆ ಬಗೆಯದು. ಹಾಲೆ ಮರ ಚರಕಿಯಲ್ಲಿ ತಿರುಗುವಾಗ ಅರಗಿನ ಕಡ್ಡಿ ಒತ್ತಿದರೆ ತಿಕ್ಕಾಟದ ಬಿಸಿಗೆ ಕರಗಿ ಬಣ್ಣ ಹಿಡಿಯುತ್ತದೆ. ಅದು ಕುಶಲಕರ್ಮಿಯ ಕೈ, ವರ್ಷಗಳ ಸಾಧನೆ. ಜಾತ್ರೆಯ ಗಿರಗಿಟ್ಲೆ ಮಗುವಿಗೆ ಹತ್ತಿರ. ನೋಡಿದೊಡನೆ ನಾನೂ ಮಾಡಬಲ್ಲೆ ಎನ್ನಿಸುತ್ತದೆ.

ಕೈಯಿಂದ ಮಾಡುತ್ತ ಕಲಿಯುವ ಈ ದಾರಿ ಹಳೆಯದು. 1937ರಲ್ಲಿ ಗಾಂಧೀಜಿ ವಾರ್ಧಾದಲ್ಲಿ ಕೈಕೆಲಸವನ್ನೇ ಶಿಕ್ಷಣದ ನಡುಗಂಬ ಮಾಡಬೇಕೆಂದರು. ಶಾಂತಿನಿಕೇತನದಲ್ಲಿ ಕಲಿತ ಕಲಾವಿದ ದೇವಿಪ್ರಸಾದ್ ಸೇವಾಗ್ರಾಮದ ಮಕ್ಕಳಿಗೆ ಚಿತ್ರಕಲೆ ಕಲಿಸಿದರು. ನಮ್ಮಲ್ಲಿ ಶಿವರಾಮ ಕಾರಂತರು 1930ರ ದಶಕದಲ್ಲಿ ಪುತ್ತೂರಿನ ಬಾಲವನದಲ್ಲಿ ಮಕ್ಕಳ ಕಲಿಕೆಯ ಪ್ರಯೋಗ ನಡೆಸಿದರು. ಲೋಕವನ್ನೆಲ್ಲ ಮಕ್ಕಳಿಗೆ ಕನ್ನಡದಲ್ಲಿ ತೋರಿಸುವ 'ಬಾಲ ಪ್ರಪಂಚ'ದ ಮೂರು ಸಂಪುಟಗಳು ಬಂದದ್ದೂ ಅದೇ ದಶಕದಲ್ಲಿ.

ಬೆರಳಿಗೆ ಕಾಣುವ ಗೆರೆ

ಗುಪ್ತ ತೋರಿಸುವ ವಸ್ತುಗಳಲ್ಲಿ ನನ್ನನ್ನು ತುಂಬ ಹೊತ್ತು ಹಿಡಿದಿಟ್ಟದ್ದು ಒಂದು ಸ್ಲೇಟು. ಕಣ್ಣು ಕಾಣದ ಮಕ್ಕಳದು. ಚೀಲ, ಬೂಟುಗಳಲ್ಲಿ ಚರ್ ಎಂದು ಬಿಡಿಸುವ ವೆಲ್ಕ್ರೊ ಪಟ್ಟಿಯನ್ನು ಹಲಗೆಯ ತುಂಬ ಅಂಟಿಸಿರುತ್ತಾರೆ. ಪೆನ್ನಿನಲ್ಲಿ ಶಾಯಿಯ ಬದಲು ಉಣ್ಣೆಯ ನೂಲು. ಪೆನ್ನು ಓಡಿದಲ್ಲೆಲ್ಲ ನೂಲು ಪಟ್ಟಿಯ ಕೊಕ್ಕೆಗಳಿಗೆ ಸಿಕ್ಕಿ ಉಬ್ಬಿದ ಗೆರೆಯಾಗಿ ನಿಲ್ಲುತ್ತದೆ. ಮಗು ತಾನು ಬರೆದ ಸೂರ್ಯನನ್ನು, ಮನೆಯನ್ನು ಬೆರಳಿನಿಂದ ಸವರಿ ನೋಡಬಹುದು. ಸರಿಬಾರದಿದ್ದರೆ ನೂಲು ಎಳೆದರಾಯಿತು, ಸ್ಲೇಟು ಖಾಲಿ.

ಚಿತ್ರಕಲೆಯ ಪೀರಿಯಡ್ಡಿನಲ್ಲಿ ಸುಮ್ಮನೆ ಕೂರಿಸಲ್ಪಟ್ಟ ಎಷ್ಟು ಮಕ್ಕಳಿಗೆ ಇದು ಮೊದಲ ಗೆರೆಯಾಗಬಹುದು! ಪ್ರತಿ ಶಾಲೆಯಲ್ಲೂ ಇಂಥದೊಂದು ಇರಬೇಕು. ಖರ್ಚು ಹೇಳಿಕೊಳ್ಳುವಷ್ಟಿಲ್ಲ.

┃ ಚೌಕಟ್ಟು: ಹತ್ತು ಸುತ್ತಿನ ಮೋಟಾರು ┃
ಬೇಕಾದದ್ದು: ಒಂದು ದಪ್ಪ ಟಾರ್ಚ್ ಸೆಲ್, ಎರಡು ಪಿನ್ನು (ಸೀರೆಗೆ ಹಾಕುವಂಥವು), ಒಂದು ಅಯಸ್ಕಾಂತ, ಸೈಕಲ್ ಟ್ಯೂಬಿನಿಂದ ಕತ್ತರಿಸಿದ ರಬ್ಬರು ಪಟ್ಟಿ, ಮೋಟಾರು ಕಟ್ಟುವವರ ಬಳಿ ಸಿಗುವ ಮೆರುಗು ಬಳಿದ ತಾಮ್ರದ ತಂತಿ ಒಂದೂವರೆ ಮೀಟರ್.
ಮಾಡುವುದು: ತಂತಿಯನ್ನು ಸೆಲ್ಲಿನ ಮೇಲೆ ಹತ್ತು ಸುತ್ತು ಸುತ್ತಿ ಸುರುಳಿ ತೆಗೆಯಿರಿ. ಎರಡು ತುದಿ ಆಚೀಚೆ ನೇರವಾಗಿ ಚಾಚಿರಲಿ. ಪಿನ್ನುಗಳನ್ನು ಸೆಲ್ಲಿನ ಎರಡು ತಲೆಗೆ ರಬ್ಬರು ಪಟ್ಟಿಯಿಂದ ಬಿಗಿದು, ಅವುಗಳ ಕಣ್ಣಿನಲ್ಲಿ ಸುರುಳಿಯ ತುದಿ ಕೂರಿಸಿ. ಅಯಸ್ಕಾಂತ ಸೆಲ್ಲಿನ ಬೆನ್ನ ಮೇಲಿರಲಿ. ಕೊನೆಗೆ ಸುರುಳಿಗೆ ಬೆರಳಿನಿಂದ ಮೆಲ್ಲಗೆ ಒಂದು ತಳ್ಳು ಕೊಡಿ.
ಗುಟ್ಟು: ತಂತಿಯ ಒಂದು ತುದಿಯ ಮೆರುಗನ್ನು ಪೂರ್ತಿ ಹೆರೆಯಬೇಕು. ಇನ್ನೊಂದು ತುದಿಯಲ್ಲಿ ಒಂದು ಬದಿಯ ಮೆರುಗು ಉಳಿಯಬೇಕು. ಎರಡನ್ನೂ ಪೂರ್ತಿ ಹೆರೆದರೆ ಅರ್ಧ ಸುತ್ತಿಗೆ ಬಲ ಹಿಂದುಮುಂದಾಗಿ ಸುರುಳಿ ತೊಟ್ಟಿಲಂತೆ ತೂಗುತ್ತದೆ. ಒಂದು ಬದಿ ಉಳಿಸಿದರೆ ಆ ಹೊತ್ತಿಗೆ ಕರೆಂಟು ತಪ್ಪಿ, ಮೊದಲಿನ ವೇಗದಲ್ಲೇ ಸುತ್ತು ಪೂರ್ತಿಯಾಗುತ್ತದೆ.
ಎಚ್ಚರ: ಹೆರೆಯುವಾಗ ದೊಡ್ಡವರು ಜೊತೆಗಿರಲಿ. ತಂತಿ ಬಿಸಿಯಾಗುತ್ತದೆ, ಆಟ ಮುಗಿದೊಡನೆ ಬಿಚ್ಚಿಡಿ.

ಕಸದಿಂದ ರಸ

ಗುಪ್ತ ಅವರ ಹಳೆಯ ಚಿತ್ರಗಳನ್ನು ಇವತ್ತಿನ ಮಗು ನೋಡಿದರೆ ಒಂದು ತೊಡಕಿದೆ. ಕಸವೂ ಕಾಲಕ್ಕೆ ತಕ್ಕಂತೆ ಬದಲಾಗುತ್ತದೆ. ಅವರ ಕೆಲವು ಪಂಪುಗಳು ಕ್ಯಾಮೆರಾ ರೀಲಿನ ಪ್ಲಾಸ್ಟಿಕ್ ಡಬ್ಬಿಯವು. ಡಿಜಿಟಲ್ ಕ್ಯಾಮೆರಾ ಬಂದು ಆ ಡಬ್ಬಿಗಳು ಮಾಯವಾದವು. ಸೈಕಲ್ಲುಗಳಿಗೆ ಬೇರೆ ಬಗೆಯ ವಾಲ್ವ್ ಬಂದು ವಾಲ್ ಟ್ಯೂಬ್ ಅಪರೂಪವಾಯಿತು. 2022ರ ಜುಲೈ 1ರಿಂದ ಪ್ಲಾಸ್ಟಿಕ್ ಸ್ಟ್ರಾಗೆ ದೇಶದಲ್ಲಿ ನಿಷೇಧ. ಆ ನಿಷೇಧ ಬೇಕಾಗಿಯೇ ಇತ್ತು.

ಹಾಗೆಂದು ಪಾಠ ಹಳತಾಯಿತೇ? ನಮ್ಮ ಜಗುಲಿಯಲ್ಲಿ ಆದದ್ದನ್ನೇ ನೋಡಿ. ಸ್ಟ್ರಾ ಹೋದರೆ ಪರಂಗಿ ದಂಟು. ತುದಿಯ ತೆಳುವಾದ ಅಂಚುಗಳು ಉಸಿರಿಗೆ ಅದುರಬೇಕು, ಕೊಳವೆಯೊಳಗಿನ ಗಾಳಿ ಅದಕ್ಕೆ ದನಿಗೂಡಬೇಕು. ಓಲಗದವರು ಬಾಯಿಗಿಡುವ ಗರಿಯ ಪೀಪಿಯಲ್ಲೂ ನಡೆಯುವುದು ಅದೇ. ಇಷ್ಟು ಗೊತ್ತಾದ ಮಗುವಿಗೆ ಇಂಥದೇ ವಸ್ತು ಬೇಕೆಂಬ ಹಟವಿರುವುದಿಲ್ಲ. ವಾಲ್ ಟ್ಯೂಬ್ ಸಿಗದಿದ್ದರೆ ನೆನೆಸಿದ ಕಡಲೆಕಾಳಿಗೆ ತೆಂಗಿನಗರಿಯ ಕಡ್ಡಿ ಚುಚ್ಚಿ ತ್ರಿಕೋನ ಕಟ್ಟಬಹುದು. ಕಾಳು ಒಣಗಿದಂತೆ ಕೀಲು ಬಿಗಿಯಾಗುತ್ತದೆ.

ನನಗೆ ನೋವಾಗುವುದು ಬೇರೆ ಕಡೆ. ಹೋದ ವರ್ಷ ಅಣ್ಣನ ಮಗಳ ಶಾಲೆಯಲ್ಲಿ 'ಕಸದಿಂದ ರಸ' ಸ್ಪರ್ಧೆ ಇಟ್ಟಿದ್ದರು. ಹಿಂದಿನ ಸಂಜೆ ಸ್ಟೇಷನರಿ ಅಂಗಡಿಯ ಮುಂದೆ ತಾಯ್ತಂದೆಯರ ಸಾಲು. ಹೊಸ ಥರ್ಮೋಕೋಲ್ ಹಾಳೆ, ಹೊಸ ಮಿಂಚುಪುಡಿ, ಹೊಸ ಐಸ್ ಕ್ಯಾಂಡಿ ಕಡ್ಡಿಯ ಕಟ್ಟು. ರಾತ್ರಿ ಹನ್ನೆರಡರವರೆಗೆ ಕತ್ತರಿಸಿ ಅಂಟಿಸಿದ್ದು ದೊಡ್ಡವರು. ಮಕ್ಕಳು ಮಲಗಿದ್ದರು. ಬಹುಮಾನ ಬಂದದ್ದು ಎಲ್ಲಕ್ಕಿಂತ ದೊಡ್ಡ ಥರ್ಮೋಕೋಲ್ ಅರಮನೆಗೆ. ಅಣ್ಣನ ಮಗಳು ತಾನೇ ಮಾಡಿದ, ಗಾಳಿಗೆ ಸೊಟ್ಟಗೆ ತಿರುಗುತ್ತಿದ್ದ ತೆಂಗಿನಗರಿಯ ಗಿರಗಿಟ್ಲೆಯನ್ನು ಬ್ಯಾಗಿನಿಂದ ಹೊರಗೆ ತೆಗೆಯಲೇ ಇಲ್ಲ.

ಶಿಕ್ಷಕರನ್ನು ದೂರಿ ಫಲವಿಲ್ಲ. ಚಿತ್ರಕಲಾ ಶಿಕ್ಷಕರೇ ಇಲ್ಲದ ಶಾಲೆಗಳು ನಮ್ಮಲ್ಲಿ ಬೇಕಾದಷ್ಟಿವೆ. ಇದ್ದಲ್ಲಿಯೂ ಅವರ ಪೀರಿಯಡ್ಡು ಪರೀಕ್ಷೆ ಹತ್ತಿರ ಬಂದಾಗ ಗಣಿತಕ್ಕೆ ಹೋಗುತ್ತದೆ. ನಮಗೆ ಹೈಸ್ಕೂಲಿನಲ್ಲಿ ಒಬ್ಬ ಡ್ರಾಯಿಂಗ್ ಮೇಷ್ಟ್ರಿದ್ದರು. ಬೋರ್ಡಿನ ಮೇಲೆ ಒಂದೇ ಏಟಿಗೆ ಸೀಮೆಸುಣ್ಣದಲ್ಲಿ ವೃತ್ತ ಎಳೆದು, ಅದನ್ನು ನಮ್ಮ ಕೈಲೂ ಮಾಡಿಸುತ್ತಿದ್ದರು. ವಕ್ರವಾದರೆ ಅಳಿಸುತ್ತಿರಲಿಲ್ಲ, ಪಕ್ಕದಲ್ಲೇ ಇನ್ನೊಂದು ಎಳೆಯಲು ಹೇಳುತ್ತಿದ್ದರು. ಗುಪ್ತ ಅವರ ಚಿತ್ರ ನೋಡುವಾಗ ಆ ಸೀಮೆಸುಣ್ಣ ಹಿಡಿದ ಬೆರಳುಗಳು ನೆನಪಾಗುತ್ತವೆ.

ಸಂಜೆ

ಪರಂಗಿ ಪೀಪಿಯ ಗಲಾಟೆ ಮುಗಿದ ಮೇಲೆ ಮಕ್ಕಳು ಮೋಟಾರಿನ ವಿಡಿಯೊ ಹುಡುಕಿದರು. ಪಿನ್ನು ಅಮ್ಮನ ಸೆರಗಿನಿಂದ ಬಂತು. ಸೆಲ್ಲು ಗೋಡೆ ಗಡಿಯಾರದ್ದು ಸಣ್ಣದಾಯಿತೆಂದು ಪಂಪ್‌ಸೆಟ್ ಮನೆಯ ಟಾರ್ಚಿನಿಂದ ತೆಗೆದರು. ಅಟ್ಟದಲ್ಲಿ ಅಪ್ಪನ ಕೆಟ್ಟ ರೇಡಿಯೊ ಇತ್ತು. ಅದರ ಸ್ಪೀಕರಿನ ಬೆನ್ನಿಗೆ ಅಯಸ್ಕಾಂತ ಇರುತ್ತದೆಂದು ಯಾರು ಹೇಳಿಕೊಟ್ಟರೋ, ಹುಡುಗ ಸ್ಕ್ರೂಡ್ರೈವರ್ ಹಿಡಿದು ಕೂತ. ಅದನ್ನು ಬಿಚ್ಚಬಹುದೇ ಎಂದು ಅವನು ಕಣ್ಣಲ್ಲೇ ಕೇಳಿದ. ಅಮ್ಮ ಸ್ವಲ್ಪ ಹೊತ್ತು ಆ ರೇಡಿಯೊ ನೋಡಿ, "ಬಿಚ್ಚು" ಎಂದಳು.

ದೀಪ ಹಚ್ಚುವ ಹೊತ್ತಿಗೆ ಸುರುಳಿ ಪಿನ್ನುಗಳ ಮೇಲೆ ಕೂತಿತು. ಹುಡುಗ ಬೆರಳಿನಿಂದ ತಳ್ಳಿದ. ಅರ್ಧ ಸುತ್ತು ಹೋಗಿ, ಹಿಂದಕ್ಕೆ ಬಂದು, ತೊಟ್ಟಿಲಂತೆ ತೂಗಿ ನಿಂತಿತು. ಇನ್ನೊಮ್ಮೆ ತಳ್ಳಿದ. ಮತ್ತೆ ಹಾಗೇ.

ಫೋನು ಕಿಟಕಿಯ ಮೇಲೆ ಬೋರಲು ಬಿದ್ದಿತ್ತು. ಯಾರೂ ಅದರ ಕಡೆ ನೋಡಲಿಲ್ಲ. ಅವನ ಅಕ್ಕ ಸುರುಳಿಯನ್ನು ಎತ್ತಿ ದೀಪಕ್ಕೆ ಹಿಡಿದು, ತುದಿಯನ್ನು ಉಗುರಿನಲ್ಲಿ ಸವರಿ ನೋಡಿದಳು.

"ಎರಡೂ ಕಡೆ ಪೂರ್ತಿ ಹೆರೆದುಬಿಟ್ಟಿದ್ದೀಯ ಕಣೋ. ಇನ್ನೊಂದು ತಂತಿ ತಗೊಂಡು ಬಾ."